ಚಂದ್ರಾಮಣ್ಣನ ಕಲ್ಲಿನ ಮೇಲೆ ಆರು ಅಕ್ಷರ

ಈಗ ನಾನು ಹೇಳುವುದರಲ್ಲಿ ಒಂದಕ್ಷರವೂ ಸುಳ್ಳಿಲ್ಲ. ಬೇಕಾದರೆ ಕಾಗಿಣಾ ಹೊಳೆಯಲ್ಲಿ ಎದೆಮಟ ನೀರಿನಲ್ಲಿ ನಿಂತು ಹೇಳುತ್ತೇನೆ. ಈ ವರ್ಷ ಹೊಳೆಯಲ್ಲಿ ಅಷ್ಟು ನೀರಿಲ್ಲ, ಮೊಣಕಾಲಮಟ ನಿಂತು ಹೇಳುತ್ತೇನೆ.

ನನ್ನ ಹೆಸರು ಅಂಬರೇಶ. ಶಹಾಬಾದಿನಲ್ಲಿ ಕಲ್ಲಿನ ಮೇಲೆ ಹೆಸರು ಕೆತ್ತುವುದು ನನ್ನ ಕೆಲಸ. ಶಾಲೆಯ ಉದ್ಘಾಟನೆ, ಗುಡಿಯ ಜೀರ್ಣೋದ್ಧಾರ, ದರ್ಗಾದ ಮೆಟ್ಟಿಲು, ಸಮಾಧಿ, ಯಾವುದಕ್ಕೂ ಇಲ್ಲ ಎನ್ನುವುದಿಲ್ಲ. ಸತ್ತವರ ಬಗ್ಗೆ ನಾನು ಕೆತ್ತಿದ್ದನ್ನು ಎಲ್ಲರೂ ನಂಬುತ್ತಾರೆ. ಬದುಕಿದವರ ಬಗ್ಗೆ ಬಾಯಿಂದ ಹೇಳಿದ್ದನ್ನು ಒಬ್ಬರೂ ನಂಬುವುದಿಲ್ಲ. ವಾಡಿಯಲ್ಲಿ ಒಬ್ಬ ಬಾಯಿ ತೆರೆದು ಆಕಳಿಸಿದಾಗ ಸಿಮೆಂಟಿನ ಧೂಳು ಒಳಗೆ ಹೋಗಿ, ಅದೇ ಹೊತ್ತಿಗೆ ಎರಡು ಹನಿ ಮಳೆಯೂ ಬಿದ್ದು, ಹದಿನೈದು ದಿನ ಅವನ ಬಾಯಿ ಮುಚ್ಚಲಾಗಲಿಲ್ಲ; ಒಳಗೆ ಗುಬ್ಬಿ ಸಂಸಾರ ಹೂಡಿತ್ತು. ಇಂಥ ಸರಳವಾದ ವಿಷಯ ಹೇಳಿದರೂ ಜನ ನಗುತ್ತಾರೆ. ನಾನು ನಗುವುದಿಲ್ಲ.

ಚಂದ್ರಾಮಣ್ಣ ರಾವೂರ ಹಾದಿಯ ರೈಲು ಗೇಟಿನಲ್ಲಿ ಗೇಟ್‌ಮನ್ ಆಗಿದ್ದ. ಮಾತು ಕಡಿಮೆ, ಆದರೆ ಗೇಟಿನಲ್ಲಿ ಯಾರ ಜಗಳವಾದರೂ ಹಸಿರು ಬಾವುಟ ಕಂಕುಳಲ್ಲಿಟ್ಟುಕೊಂಡು ನಡುವೆ ಹೋಗಿ ನಿಲ್ಲುತ್ತಿದ್ದ. ಒಮ್ಮೆ ಎರಡು ಕಲ್ಲಿನ ಲಾರಿಗಳು ಎದುರಾಬದುರಾಗಿ, ನೀ ಹಿಂದೆ ತಗಿ, ನೀ ತಗಿ ಎಂದು ಮೂರು ದಿನ ನಿಂತವು. ಲಾರಿಯ ಕೆಳಗೆ ಕೋಳಿ ಕಾವು ಕೂತು ಮರಿ ಮಾಡಿಕೊಂಡು ಹೋಯಿತು. ಮರಿಗೆ ಇಪ್ಪತ್ತೊಂದು ದಿನ ಬೇಕಲ್ಲ ಎನ್ನಬೇಡಿ. ನಮ್ಮ ಬಿಸಿಲಿಗೆ ಮೂರು ದಿನ ಧಾರಾಳ. ನಾಲ್ಕನೆಯ ದಿನ ಚಂದ್ರಾಮಣ್ಣ ರಜೆಯಿಂದ ಬಂದು ಇಬ್ಬರು ಡ್ರೈವರುಗಳಿಗೂ ಒಂದೇ ಕಪ್ಪಿನಲ್ಲಿ ಚಹಾ ಕೊಟ್ಟ. ಅರ್ಧ ಒಬ್ಬ ಕುಡಿದ, ಅರ್ಧ ಇನ್ನೊಬ್ಬ. ಎರಡೂ ಲಾರಿ ಹಿಂದೆ ಹೋದವು.

ಅವನು ಹೋದ ವರ್ಷ ತೀರಿಕೊಂಡ. ಮೊದಲ ಪುಣ್ಯಸ್ಮರಣೆಗೆ ವಾಡಿಯಲ್ಲಿ ಸಮಾಧಿಯ ಮೇಲೆ ಕಲ್ಲು ಕೂರಿಸಬೇಕೆಂದು ಮಗಳು ಮೈತ್ರಿ ನನ್ನ ಶೆಡ್ಡಿಗೆ ಬಂದಳು. ಚಿತ್ತಾಪುರದಲ್ಲಿ ಇಂಗ್ಲಿಷ್ ಟೀಚರ್. ಚೀಟಿಯಲ್ಲಿ ಅಪ್ಪನ ಹೆಸರು, ಹುಟ್ಟಿದ ದಿನ, ತೀರಿದ ದಿನ, ಕೆಳಗೆ ಇಂಗ್ಲಿಷಿನ ಒಂದೇ ಒಂದು ಶಬ್ದ.

"ಇದೇನವ್ವ ಮೈತ್ರವ್ವ, ಡಿಗ್ರೀನಾ?" ಎಂದೆ. "ಗೇಟ್‌ಮನ್‌ಗೂ ಡಿಗ್ರಿ ಕೊಡಲಿಕತ್ಯಾರೇನು?"

"ಡಿಗ್ರಿ ಅಲ್ರಿ ಕಾಕಾ. ಐರೆನಿಕ್ ಅಂತ. ಶಾಂತಿಗಿ ಸಂಬಂಧಪಟ್ಟಿದ್ದು."

"ಹಂಗಾದ್ರ ಶಾಂತ ಅಂತ ಕನ್ನಡದಾಗೇ ಹೊಡೀತೀನಿ. ಎರಡು ಅಕ್ಷರಕ್ಕ ಮುಗೀತದ. ಇವು ಆರು ಅದಾವ."

"ಶಾಂತ ಬ್ಯಾರೆ, ಇದು ಬ್ಯಾರೆ." ಅವಳು ಕ್ಲಾಸಿನಲ್ಲಿ ನಿಂತ ಹಾಗೆ ನಿಂತಳು. "ಕೆರಿ ಶಾಂತ ಅದಾ ಅಂತೀವಲ್ಲ, ಅಲ್ಲಿ ಇದು ಬರಂಗಿಲ್ಲ. ಕೂಸು ಶಾಂತ ಮಲಗ್ಯಾದ, ಅಲ್ಲೂ ಬರಂಗಿಲ್ಲ. ಅದಕ್ಕೆಲ್ಲ ಇಂಗ್ಲಿಷಿನಾಗ ಬ್ಯಾರೆ ಶಬ್ದ ಭಾಳ ಅದಾವ. ಜಗಳ ಆಡವರ ನಡುವ ಹೋಗಿ, ಇಬ್ಬರನ್ನೂ ಒಂದು ಮಾಡಬೇಕಂತ ಮಾತಾಡ್ತಾರಲ್ಲ, ಅಂಥ ಮನಷ್ಯಾಗ, ಅಂಥ ಮಾತಿಗಿ, ಅಂಥ ಪತ್ರಕ್ಕ ಮಾತ್ರ ಇದು. ಗ್ರೀಕರ ಹಳೀ ಶಬ್ದ. ಈಗ ಯಾರೂ ಬಳಸಂಗಿಲ್ಲ. ಡಿಕ್ಷನರಿಯಾಗ ಧೂಳ ತಿನ್ಕೋತ ಬಿದ್ದದ."

"ಯಾರೂ ಬಳಸಲಾರದ್ದು ನಿಮ್ಮಪ್ಪಗ ಯಾಕವ್ವ?"

"ಅಪ್ಪನಂಥವರೂ ಈಗ ಯಾರಿದ್ದಾರ್ರಿ?"

ಚೀಟಿ ಮಡಚಿ ಜೇಬಿಗೆ ಹಾಕಿಕೊಂಡೆ. ಅವಳು ಹೋದ ಮೇಲೆ ಮೂರು ದಿನ ಕೂತು ಕೆತ್ತಿದೆ. ಇಂಗ್ಲಿಷ್ ನನಗೆ ಬರುವುದಿಲ್ಲ, ಆಕಾರ ಬರುತ್ತದೆ. ಮೊದಲನೆಯದೂ ಐದನೆಯದೂ ಬರೀ ಕಂಬ. ಕೊನೆಯದು ಅರ್ಧ ಬಳೆ. ಕೆತ್ತಿದ ಮೇಲೆ ಕೈಯಿಂದ ಸವರಿ ನೋಡಿದೆ. ಶಬ್ದ ಚೆನ್ನಾಗಿಯೇ ಕೂತಿತ್ತು.

ಮೈತ್ರಿ ಅದರ ಫೋಟೋ ತೆಗೆದು ನೆಂಟರ ವಾಟ್ಸಾಪ್ ಗುಂಪಿಗೆ ಹಾಕಿದಳು. ಆ ಗುಂಪಿನಲ್ಲಿ ಅವಳ ತಮ್ಮ ಪ್ರಬುದ್ಧನೂ ಇದ್ದ. ಚಿಂಚೋಳಿಯಲ್ಲಿ ಫಾರೆಸ್ಟ್ ಗಾರ್ಡ್. ಅಕ್ಕ ತಮ್ಮ ಮಾತು ಬಿಟ್ಟು ಆರು ವರ್ಷ.

ಆರು ವರ್ಷದ ಹಿಂದೆ ತಾಯಿ ಅನಸುಬಾಯಿಗೆ ಪುಪ್ಪುಸ ಕೆಟ್ಟಿತ್ತು. ಹೈದರಾಬಾದಿಗೆ ಒಯ್ದರೆ ಉಳಿದರೂ ಉಳಿಯಬಹುದು ಎಂದು ಡಾಕ್ಟರ್ ಹೇಳಿದ. ಪ್ರಬುದ್ಧ ಗಾಡಿ ಮಾಡಿಕೊಂಡು ಬಂದು ಅಪ್ಪನ ರೈಲ್ವೆ ಕ್ವಾರ್ಟರ್ಸಿನ ಮುಂದೆ ನಿಲ್ಲಿಸಿದ. ಅವ್ವ ತಾಂಡೂರಿನ ತನಕವೂ ತಡೆಯುವುದಿಲ್ಲ ಎಂದು ಮೈತ್ರಿ ಬಾಗಿಲಿಗೆ ಅಡ್ಡ ನಿಂತಳು. ಅವನು ನೀ ಕೊಲ್ಲಲಿಕತ್ತೀದಿ ಎಂದ. ಇವಳು ನೀ ಹಾದ್ಯಾಗ ಕೊಲ್ತಿ ಎಂದಳು. ಇಬ್ಬರೂ ಕಡೆಗೆ ಅಪ್ಪನ ಕಡೆ ತಿರುಗಿ, ಅಪ್ಪಾ, ನೀ ಹೇಳು ಎಂದರು. ಊರಿನವರ ಜಗಳವನ್ನೆಲ್ಲ ಬಿಡಿಸುತ್ತಿದ್ದ ಚಂದ್ರಾಮಣ್ಣ ಕಟ್ಟೆಯ ಮೇಲೆ ಕೂತು ಸಿಗ್ನಲ್ ಕಡೆ ನೋಡುತ್ತಿದ್ದ. ಒಂದು ಮಾತೂ ಆಡಲಿಲ್ಲ. ಗಾಡಿ ಖಾಲಿ ಹೋಯಿತು. ನಾಲ್ಕನೆಯ ದಿನ ಅನಸುಬಾಯಿ ಹೋದಳು.

ಅಪ್ಪನ ಮಣ್ಣಿಗೆ ಪ್ರಬುದ್ಧ ಬಂದಿದ್ದ. ಹೆಗಲು ಕೊಟ್ಟ, ಹೋದ. ಅಕ್ಕನ ಮುಖ ನೋಡಲಿಲ್ಲ.

ಫೋಟೋ ನೋಡಿದ ಮರುದಿನವೇ ಅವನು ನನ್ನ ನಂಬರಿಗೆ ಫೋನ್ ಮಾಡಿದ. ಆ ಶಬ್ದ ತೆಗೆಯಿರಿ ಎಂದ. ನಮ್ಮ ಕಲ್ಲು ಪದರ ಪದರವಾಗಿ ಬರುತ್ತದೆ, ಅದು ಅವನಿಗೂ ಗೊತ್ತು. ಒಂದು ಶಬ್ದಕ್ಕೆಂದು ಉಳಿ ಇಟ್ಟರೆ ಮೇಲಿನ ಪದರವೇ ಎದ್ದು ಬರುತ್ತದೆ. ಅದರ ಜೊತೆ ಹೆಸರು ಹೋಗುತ್ತದೆ, ಹುಟ್ಟಿದ್ದು ಹೋಗುತ್ತದೆ, ಸತ್ತದ್ದೂ ಹೋಗುತ್ತದೆ. ಉಳಿದ ದಾರಿ ಒಂದೇ, ಕಲ್ಲನ್ನು ಮಗುಚಿ ಹಿಂದಿನ ಮುಖದಲ್ಲಿ ಮೊದಲಿನಿಂದ ಕೆತ್ತುವುದು. ಮಗುಚ್ರಿ ಹಂಗಾದ್ರ, ಎಂದ. ಮೈತ್ರಿಗೆ ತಿಳಿಸಿದೆ. ಕಲ್ಲು ಮಗುಚಿದ್ರ ನಾ ಪುಣ್ಯಸ್ಮರಣೆಗೇ ಬರಂಗಿಲ್ಲ ಎಂದಳು. ಪ್ರಬುದ್ಧನಿಗೆ ತಿಳಿಸಿದೆ. ಮಗುಚಲಿಲ್ಲ ಅಂದ್ರ ನಾ ಬರಂಗಿಲ್ಲ ಎಂದ. ಇರುವವರು ಇಬ್ಬರೇ ಮಕ್ಕಳು.

ಇನ್ನು ನನಗೆ ಮಾತ್ರ ಗೊತ್ತಿದ್ದ ವಿಷಯ ಹೇಳುತ್ತೇನೆ.

ಮೂರು ವರ್ಷದ ಹಿಂದೆ ಚಿಂಚೋಳಿಗೆ ಒಂದು ಉದ್ಘಾಟನೆಯ ಕಲ್ಲು ತೆಗೆದುಕೊಂಡು ಬಸ್ಸಿನಲ್ಲಿ ಹೊರಟಿದ್ದೆ. ಸೇಡಂನಲ್ಲಿ ಬಸ್ಸು ಬದಲಾಯಿಸುವಾಗ ಚಂದ್ರಾಮಣ್ಣ ಕಂಡ. ಕೈಚೀಲದ ತುಂಬ ಸೀತಾಫಲ. ಮಗನ ಮನೆಗೆ ಹೊರಟಿದ್ದಾನೆ, ಒಳ್ಳೆಯದಾಯಿತು ಎಂದುಕೊಂಡೆ. ಸಂಜೆ ಕಲ್ಲು ಕೂರಿಸಿ ಚಿಂಚೋಳಿ ಸ್ಟ್ಯಾಂಡಿಗೆ ಬಂದರೆ ಅವನು ಅಲ್ಲಿಯ ಬೆಂಚಿನ ಮೇಲೆ, ಅದೇ ಚೀಲ ತೊಡೆಯ ಮೇಲಿಟ್ಟುಕೊಂಡು ಕೂತಿದ್ದ.

"ಮಗ ಮನ್ಯಾಗ ಇಲ್ಲೇನಣ್ಣ?" ಎಂದು ಕೇಳಿದೆ.

"ಮನ್ಯಾಗೇ ಹಾನ. ಅವನ ಮನಿ ಗೇಟಿನ ತನ ಹೋಗಿದ್ದೆ. ಮಗಳ ತಲಿ ಬಾಚಲಿಕತ್ತಿದ್ದ. ಲುಂಬಿನಿ ಅಂತ ಹೆಸರು ಆ ಹುಡಗಿಗಿ. ನೋಡಿ ಹೊಳ್ಳಿ ಬಂದೆ."

"ಒಳಗ ಹೋಗಬೇಕಿಲ್ಲೇನು?"

"ಅಕ್ಕನ ಜೋಡಿ ಮಾತಾಡೋ ಅಂತ ಹೇಳಲಿಕ್ಕ ಬಂದಿದ್ದೆ. ಯಾಕ ಮಾತಾಡಬೇಕು ಅಂತ ಅಂವ ಕೇಳ್ತಾನ. ಕೇಳಿದ್ರ ನಾ ಖರೇ ಹೇಳಬೇಕಾಗ್ತದ. ಹೇಳಂಗಿಲ್ಲಂತ ಆಣಿ ಮಾಡೀನಿ."

ಆಮೇಲೆ ಅವನು ಹೇಳಿದ. ಗಾಡಿ ಬರುವ ಹಿಂದಿನ ದಿನ ಅನಸುಬಾಯಿಯೇ ಅವನ ಕೈ ಹಿಡಿದು, ನನಗ ಹೈದ್ರಾಬಾದು ಬ್ಯಾಡ, ಈ ಮನ್ಯಾಗೇ ಹೋಗ್ತೀನಿ ಎಂದಿದ್ದಳು. ಮಕ್ಕಳಿಗೆ ಹೇಳಬಾರದೆಂದು ಆಣೆ ತೆಗೆದುಕೊಂಡಿದ್ದಳು. ನಮ್ಮವ್ವ ನಮ್ಮ ಸಲುವಾಗಿನೂ ಬದುಕಲಿಕ್ಕ ಒಲ್ಲೆ ಅಂದ್ಳು ಅಂತ ಅವರಿಗೆ ಅನಿಸಬಾರದು, ಅದಕ್ಕೆ. ಮಗಳು ಬಾಗಿಲಿಗೆ ಅಡ್ಡ ನಿಂತು ತಾಯಿಯನ್ನು ಕೊಂದಳೆಂಬ ಮಾತು ಬಂದಾಗಲೂ ಅವನು ಆ ಆಣೆಯನ್ನೇ ಹಿಡಿದು ಕೂತಿದ್ದ.

"ಎಷ್ಟನೇ ಸಲ ಬಂದೀದಿ ಅಣ್ಣ ಇಲ್ಲಿಗಿ?"

"ಒಂಬತ್ತನೇದು."

"ನನ್ನ ಮುಂದ ಹೇಳಿದಿ. ಈಗ ಆಣಿ ಮುರೀಲಿಲ್ಲೇನು?"

ಆತ ನನ್ನ ಕಡೆ ನೋಡಿದ. ಆ ಮುಖದಲ್ಲಿ ನಗು ಇತ್ತು ಎಂದು ಹೇಳಲಾರೆ. "ನಿನಗ ಹೇಳಿದ್ರ ಹೇಳಿದಂಗ ಅಲ್ಲೋ ಅಂಬ್ರೇಶ. ನೀ ಯಾರಿಗಿ ಹೇಳಿದ್ರೂ ಯಾರೂ ನಂಬಂಗಿಲ್ಲ. ಅದಕ್ಕೇ ನಿನಗ ಹೇಳೀನಿ."

ಸೀತಾಫಲದ ಚೀಲವನ್ನು ನನಗೇ ಕೊಟ್ಟ. ಸೇಡಂ ಬರುವಷ್ಟರಲ್ಲಿ ಹಣ್ಣೆಲ್ಲ ಒಡೆದು ನನ್ನ ಧೋತರದ ತುಂಬ ಆಗಿತ್ತು. ಈ ಭಾಗಕ್ಕೆ ನಾನು ಏನೂ ಸೇರಿಸಿಲ್ಲ. ಸೇರಿಸಲಿಕ್ಕೆ ಜಾಗವೇ ಇರಲಿಲ್ಲ.

ಇದನ್ನು ಮೊದಲು ಮೈತ್ರಿಗೆ ಹೇಳಿದೆ. ಚಿತ್ತಾಪುರಕ್ಕೆ ಹೋಗಿ, ಅವಳ ಶಾಲೆಯ ಬೇವಿನ ಗಿಡದ ಕೆಳಗೆ ನಿಂತು ಹೇಳಿದೆ. ಅವಳು ಪೂರ್ತಿ ಕೇಳಿದಳು. ಸೆರಗಿನಿಂದ ಮೂಗು ಒರೆಸಿಕೊಂಡಳು.

"ನನ್ನ ಸಮಾಧಾನಕ್ಕ ಹೇಳಲಿಕತ್ತೀರಿ, ಗೊತ್ತದ ಕಾಕಾ," ಎಂದಳು. "ಆರು ವರ್ಷ ಆಯ್ತು. ಅವತ್ತು ನಾ ಬಾಗಿಲಾ ಬಿಟ್ಟಿದ್ರ ಅವ್ವ ಉಳೀತಿದ್ದಳೇನೋ ಅಂತ ದಿನಾ ಅನಸ್ತದ. ನೀವು ಹೇಳಿದ್ದು ಖರೇ ಇದ್ರ ಎಷ್ಟು ಚಲೋ ಇರ್ತಿತ್ತು. ಒಂದು ಕೆಲಸ ಮಾಡ್ರಿ. ಪ್ರಬುದ್ಧಗ ಹೇಳ್ರಿ. ಅಂವ ನಂಬಿದ್ರ ನಾನೂ ನಂಬ್ತೀನಿ. ಅಂವ ಬಂದು ನಿಂತ್ರ, ಕಲ್ಲಿನ ಮ್ಯಾಲ ಆ ಶಬ್ದ ಇರಲಿ, ಬಿಡಲಿ, ನನಗ ಅದರದ್ದೇನಿಲ್ಲ."

ಅಲ್ಲಿಗೆ ಆರು ವರ್ಷದ ಜಗಳ ನನ್ನ ನಾಲಿಗೆಯ ಮೇಲೆ ಬಂದು ಕೂತಿತು. ಕೂರಲು ಅದಕ್ಕೆ ಇದಕ್ಕಿಂತ ಕೆಟ್ಟ ಜಾಗ ಇಡೀ ಜಿಲ್ಲೆಯಲ್ಲಿ ಸಿಗುತ್ತಿರಲಿಲ್ಲ.

ಪುಣ್ಯಸ್ಮರಣೆ ಭಾನುವಾರ. ಶನಿವಾರ ಮಧ್ಯಾಹ್ನ ಪ್ರಬುದ್ಧ ತಾನೇ ಶೆಡ್ಡಿಗೆ ಬಂದ. ಕಲ್ಲನ್ನು ಗೋಡೆಗೆ ಒರಗಿಸಿಟ್ಟಿದ್ದೆ. ಅವನು ಅದರ ಮುಂದೆ ಕುಕ್ಕರಗಾಲಿನಲ್ಲಿ ಕೂತು ಅಪ್ಪನ ಹೆಸರಿನ ಮೇಲೆ ಕೂತಿದ್ದ ಧೂಳನ್ನು ಬಾಯಿಂದ ಊದಿದ. ಕೆಳಗಿನ ಶಬ್ದದ ಮೇಲಿನ ಧೂಳನ್ನು ಹಾಗೇ ಬಿಟ್ಟ.

"ಬಾರಪ್ಪ, ಮ್ಯಾಲ ಕುಂದ್ರು. ಚಹಾ ತರಸ್ಲಿ?"

"ಬ್ಯಾಡ್ರಿ. ಇದರ ಅರ್ಥ ನಾನೂ ಫೋನಿನಾಗ ನೋಡೀನಿ ಕಾಕಾ. ಅಕ್ಕ ಹೇಳಿದ್ದು ಬರೋಬ್ಬರಿ ಅದಾ. ಶಾಂತಿ ಮಾಡಸಬೇಕು ಅಂತ ಮನಸಿನಾಗ ಇದ್ದು, ಎದ್ದು ಹೋಗವಗ ಅಂತಾರ ಇದಕ್ಕ. ಸುಮ್ಮ ಕುಂತವಗ ಅನ್ನಂಗಿಲ್ಲ. ಗೇಟಿನಾಗ ಲಾರಿಯವರ ನಡುವ ಎದ್ದು ಹ್ವಾದ, ಖರೇ. ಮನ್ಯಾಗ? ನಾವಿಬ್ಬರೂ ಕಾಲ ಹಿಡದಂಗ ಕೇಳ್ದಿವಿ. ಒಂದು ಮಾತ ಬರಲಿಲ್ಲ ಬಾಯಾಗಿಂದ. ಸುಳ್ಳ ಶಬ್ದದ ಕೆಳಗ ನಮ್ಮಪ್ಪನ್ನ ನಾ ಮಲಗಸಂಗಿಲ್ಲ."

"ಎದ್ದು ಬಂದಿದ್ದ, ಪ್ರಬುದ್ಧ. ನಿನ್ನ ಮನೀಗೇ. ನಾ ಕಣ್ಣಾರೆ ನೋಡೀನಿ."

ಅವನು ತಲೆ ಎತ್ತಿದ. ಅಷ್ಟು ಹೊತ್ತು ಗಂಟು ಹಾಕಿಕೊಂಡಿದ್ದ ಹುಬ್ಬು ಸಡಿಲಾಯಿತು. "ಯಾವಾಗ?"

ಆ ಒಂದು ಕ್ಷಣ ಅವನು ಕೇಳಲು ತಯಾರಾಗಿದ್ದ. ಮೂವತ್ತು ವರ್ಷದಲ್ಲಿ ನನ್ನ ಮುಂದೆ ಯಾರೂ ಹಾಗೆ ಕಿವಿ ಕೊಟ್ಟು ಕೂತಿರಲಿಲ್ಲ. ಅದೇ ಕೆಟ್ಟದ್ದಾಯಿತು. ಅಂಥ ಮುಖ ಎದುರಿಗೆ ಕಂಡರೆ ನನ್ನ ನಾಲಿಗೆ ನನ್ನನ್ನು ಕೇಳುವುದಿಲ್ಲ.

"ಮೂರು ವರ್ಷದ ಹಿಂದ," ಎಂದೆ. "ಸೇಡಂ ಬಸ್ಸಿನಾಗ. ಬಸ್ಸು ಎಷ್ಟು ತುಂಬಿತ್ತಂದ್ರ, ಕಂಡಕ್ಟರ್ ಕೆಳಗಿಳದು ಓಡಿಕೋತ ಕಿಡಕ್ಯಾಗ ಟಿಕೀಟು ಕೊಡಲಿಕತ್ತಿದ್ದ. ನಿಮ್ಮಪ್ಪನ ಬಾಜೂಕ ಒಂದು ಮ್ಯಾಕಿ ಕುಂತಿತ್ತು. ಅದಕ್ಕೂ ಟಿಕೀಟು. ಹೆಣ್ಣು ಮ್ಯಾಕಿ, ಅದಕ್ಕ ಆಧಾರ ಕಾರ್ಡ ತೋರಿಸಿ..."

ಅವನ ಮುಖ ಮುಚ್ಚಿಕೊಳ್ಳುವುದನ್ನು ನೋಡಿದೆ.

"ಮ್ಯಾಕಿಗಿ ಆಧಾರ ಕಾರ್ಡ," ಎಂದ.

"ಮ್ಯಾಕಿ ಸುಳ್ಳು. ಮ್ಯಾಕಿ ಬಿಟ್ಟುಬಿಡಪ್ಪ. ಉಳದಿದ್ದು ಖರೇ."

"ಎಲ್ಲಿ ತನ ಸುಳ್ಳು, ಎಲ್ಲಿಂದ ಖರೇ? ನೀವೇ ಕಲ್ಲಿನ ಕೆಲಸದವರು. ಒಂದು ಗೆರಿ ಹೊಡದು ತೋರಸ್ರಿ."

ಸಿಟ್ಟಿನಿಂದ ಹೇಳಿದ್ದರೆ ತಡೆದುಕೊಳ್ಳಬಹುದಿತ್ತು. ದಣಿದವನ ಹಾಗೆ ಹೇಳಿದ. ಎದ್ದು ನಿಂತು ಪ್ಯಾಂಟಿಗೆ ಹತ್ತಿದ ಕಲ್ಲಿನ ಪುಡಿಯನ್ನು ಎರಡೂ ಕೈಯಿಂದ ಕೊಡವಿಕೊಂಡ.

"ನಮ್ಮಪ್ಪ ಸತ್ತಾನ ಕಾಕಾ. ಅವನ ಮ್ಯಾಲೂ ನಿಮಗ ಕಥಿ ಬೇಕೇನು? ನೀವು ಮಗುಚಲಿಲ್ಲ. ಇರಲಿ. ಹಂಗೇ ಕುಂದ್ರಸ್ರಿ ನಾಳಿಗಿ. ಅಕ್ಕಗ ಹೇಳ್ರಿ, ಆಕೀನೇ ನಿಂದ್ರಲಿ. ನಾ ಬರಂಗಿಲ್ಲ."

"ಕುಂದ್ರೋ. ಎರಡ ಮಾತು. ಮ್ಯಾಕಿ ಇಲ್ಲದಂಗ ಹೇಳ್ತೀನಿ."

ಅವನು ಶೆಡ್ಡಿನ ಹೊರಗೆ ಕಾಲಿಟ್ಟಾಗಿತ್ತು. ಅದೇ ಹೊತ್ತಿಗೆ ಪಕ್ಕದ ಶೆಡ್ಡಿನಲ್ಲಿ ಶೌಕತ ಅಲಿ ಪಾಲಿಶ್ ಮಷೀನು ಚಾಲು ಮಾಡಿದ. ಆ ಸದ್ದಿನಲ್ಲಿ ನನ್ನ ದನಿ ನನಗೇ ಕೇಳುತ್ತಿರಲಿಲ್ಲ. ನಾನು ಚಪ್ಪಲಿ ಇಲ್ಲದೆ ಹಿಂದೆ ಓಡಿದೆ. ಚಿಂಚೋಳಿ ಕಡೆಯ ಬಸ್ಸು ರಸ್ತೆಯ ಆಚೆ ಬದಿಯಲ್ಲಿ ಬರುತ್ತಿತ್ತು. ಪ್ರಬುದ್ಧ ಕೈ ಎತ್ತಿ ಅದನ್ನು ತಡೆದು, ಹಿಂದೆ ನೋಡದೆ ರಸ್ತೆ ದಾಟತೊಡಗಿದ.

"ಲೇ ಪ್ರಬುದ್ಧ, ಅವತ್ತು ನೀ ಲುಂಬಿನಿ ತಲಿ ಬಾಚಲಿಕತ್ತಿದ್ದಿ, ನಿಮ್ಮಪ್ಪ ಗೇಟಿನಾಗ ನಿಂತು ನೋಡ್ಯಾನ! ಒಂಬತ್ತು ಸಲ ಬಂದಾನ! ಹೈದ್ರಾಬಾದು ಬ್ಯಾಡ ಅಂದಾಕಿ ನಿಮ್ಮಕ್ಕ ಅಲ್ಲೋ, ನಿಮ್ಮವ್ವನೇ ಹಿಂದಿನ ದಿನ ನಿಮ್ಮಪ್ಪನ ಕೈ ಹಿಡದು, ಮಕ್ಕಳಿಗಿ ಮಾತ್ರ ಹೇಳಬ್ಯಾಡ ಅಂತ ಆಣಿ ತಗೊಂಡಾಳೋ!"