ಬಿಗಿದ ಎಡಮುಷ್ಟಿ

ಚಿತ್ತಾಪುರದ ಕೆಳಗೆ, ಕಾಗಿಣಾ ತೀರದ ಹೊಲದಲ್ಲಿ ಮಗ ನಾಗೇಂದ್ರಪ್ಪ ಹತನಾದ ಸಂಜೆ ಗುರುಲಿಂಗಮ್ಮ ಜೋಳದ ಬೆಳೆಯಾಚೆಯಿಂದ ಕಂಡದ್ದು ಇಷ್ಟೇ: ನೆಲಕ್ಕೊರಗಿದ ಮಗ, ಅವನ ಮೇಲೆ ಬಾಗಿದ ಕಲ್ಯಾಣಪ್ಪ, ಎದೆಗೆ ಇಳಿದ ಅವನ ಕೈ. ಕಲ್ಯಾಣಪ್ಪ ಅವಳ ಗಂಡನ ಅಣ್ಣನ ಮಗ. ಹೊಲದ ಒಡ್ಡಿನ ಜಗಳದಿಂದ ಎರಡು ಮನೆಗಳಿಗೂ ಮಾತು ನಿಂತಿತ್ತು. ಊರೆಲ್ಲ ಬಂದು ಕೇಳಿತು. ಮೊದಲು ಹೇಳಿದಾಗ ಅದು ಬರಿಗೈ. ಹೇಳುತ್ತ ಹೇಳುತ್ತ, ಅವಳ ಅರಿವಿಗೇ ಬಾರದಂತೆ, ಆ ಕೈಗೆ ಕೊಡಲಿ ಬಂದಿತ್ತು.

ನಿಜಾಮ ಸರ್ಕಾರದ ಪೊಲೀಸ್ ಅಧಿಕಾರಿ, ಅಮೀನ ಶೌಕತ ಅಲಿ ಕಲ್ಯಾಣಪ್ಪನನ್ನು ಸೆರೆಯಲ್ಲಿರಿಸಿದ್ದ. ಅವಳ ಸಾಕ್ಷಿಯೊಂದೇ ಅವನ ಕೊರಳಿಗೆ ಹಗ್ಗವಾಗಲು ಸಾಕಿತ್ತು. ಆದರೂ ಅಮೀನ ಮತ್ತೊಮ್ಮೆ ಅವಳ ಕಟ್ಟೆಗೆ ಬಂದು ಕುಳಿತು, ಹೆಣ ತೊಳೆದಾಗ ಕಂಡದ್ದೇನೆಂದು ವಿಚಾರಿಸಿದ.

ಬಲಗೈ ಏಟಿಗೆ ಮುರಿದು ಜೋತಿತ್ತೆಂದು ಅವಳು ಹೇಳಿದಳು. ಎಡಗೈ ಮುಷ್ಟಿ ಬಿಗಿದಿತ್ತು. ಬಿಡಿಸಿದರೆ ಒಳಗೆ ಇಷ್ಟಲಿಂಗ.

"ಕೊರಳಾಗ ಇರೂದು ಕೈಯಾಗ ಹ್ಯಾಂಗ ಬಂತು, ಅವ್ವಾ? ನಿಮ್ಮ ಪದ್ಧತಿ ನನಗ ತಿಳೀದು."

ಅರಿಯದವನಿಗೆ ತಿಳಿಹೇಳುವ ತಾಳ್ಮೆಯಿಂದ ಅವಳು ವಿವರಿಸತೊಡಗಿದಳು. ಪ್ರಾಣ ಹೋಗುವಾಗ ಲಿಂಗವನ್ನು ಕೊರಳಿನ ಕರಡಿಗೆಯಿಂದ ತೆಗೆದು ಎಡ ಅಂಗೈಯಲ್ಲಿಡಬೇಕು. ಸಾಯುವವನ ಕೈಲಾಗದಿದ್ದರೆ ಹತ್ತಿರವಿದ್ದವರು ಬಾಗಿ, ಎದೆಯ ಮೇಲಿಂದ...

ಹೇಳುತ್ತಲೇ ಅವಳ ಕೈ ತಾನಾಗಿ ಕೆಳಗಿಳಿದಿತ್ತು, ಅಂದು ಕಲ್ಯಾಣಪ್ಪನ ಕೈ ಇಳಿದಂತೆಯೇ.

"ಕಲ್ಯಾಣಪ್ಪನೂ ಇದನ್ನೇ ಹೇಳ್ಯಾನ," ಎಂದ ಅಮೀನ. "ನಾ ನಂಬಿದ್ದಿಲ್ಲ."

ಗುರುಲಿಂಗಮ್ಮ ತನ್ನ ಅಂಗೈ ನೋಡಿಕೊಂಡಳು. "ಕೊಂದಾವ ಲಿಂಗ ಕೊಡಂಗಿಲ್ರಿ ಸಾಹೇಬ್ರ. ನಾ ಕೊಡಲಿ ಕಂಡಿಲ್ಲ, ಹಂಗಂತ ಬರ್ಕೋರಿ. ಖರೆ, ಈಗೂ ಅದು ನನ್ನ ಕಣ್ಣಾಗ ಐತಿ."

ಹಾಗಾದರೆ ಮಗನನ್ನು ಕೊಂದವರು ಯಾರೆಂದು ಅವಳು ಕೇಳಿದಳು. ಅದಿನ್ನೂ ಗೊತ್ತಾಗಿಲ್ಲವೆಂದು ಹೇಳಿ ಅಮೀನ ಕಟ್ಟೆಯಿಂದ ಎದ್ದ.

ಬಿಡುಗಡೆಯಾದ ಕಲ್ಯಾಣಪ್ಪ ತನ್ನ ಮನೆಗೂ ಹೋಗದೆ ಅವಳ ಬಾಗಿಲಿಗೆ ಬಂದು ನಿಂತ. ಮಗ ಕಡೆಗೆ ಏನಾದರೂ ಅಂದನೇ ಎಂದು ಅವಳು ಕೇಳಿದಳು.

"ನೀರು ಬೇಡಿದ, ಚಿಗವ್ವಾ. ಹೊಳಿ ಅಲ್ಲೇ ಇತ್ತು. ತರೂದ್ರಾಗ ಜೀವ ಹೋದೀತು ಅಂತ ನಾ ಏಳಲಿಲ್ಲ. ಮೊದಲ ಲಿಂಗ ಕೈಗಿಟ್ಟೆ."

ಅವಳು ಒಳಗೆ ಹೋಗಿ ತಂಬಿಗೆ ತುಂಬ ನೀರು ತಂದಳು. ಅವನು ಕೈ ನೀಡಿದ. ಆ ಕೈಯಲ್ಲಿ ಅಂದೂ ಏನೂ ಇರಲಿಲ್ಲವೆಂಬುದನ್ನು ಅವಳು ಬಲ್ಲಳು. ಆದರೂ ತಂಬಿಗೆಯನ್ನು ಹೊಸ್ತಿಲ ಮೇಲಿಟ್ಟು ಹಿಂದೆ ಸರಿದಳು.