ಕಥಾನಾಯಕಿ ಹೇಳದ ಮಾತು

ಬಿಸಿನೀರಿನಲ್ಲಿ ಅದ್ದಿ ಹಿಂಡಿದ ಬಟ್ಟೆಯಿಂದ ತಂಗಿಯ ಬೆನ್ನು ಒರೆಸುತ್ತಿದ್ದ ಅಕ್ಕ, ಭುಜದ ಹತ್ತಿರ ಬಂದಾಗ ಕೈ ಹಗುರ ಮಾಡಿದಳು. ಎದೆಯ ಕ್ಯಾನ್ಸರ್ ಮೂಳೆಗೆ ಇಳಿದ ಮೇಲೆ ಮುಟ್ಟಿದರೂ ನೋಯುತ್ತಿತ್ತು.

"ಸಾಕು ಅಕ್ಕಾ. ನಾನೇನು ಪಾತ್ರೆನಾ? ಉಜ್ಜಿ ಉಜ್ಜಿ ಸವೆದುಹೋಗ್ತೀನಿ," ತಂಗಿ ಗೊಣಗಿದಳು. "ಪುಸ್ತಕ ತಗೋ. ನಿನ್ನೆ ಎಲ್ಲಿಗೆ ನಿಂತಿತ್ತು?"

"ರೈಲ್ವೆ ಸ್ಟೇಷನ್."

"ಹಾಗಾದ್ರೆ ಇವತ್ತು ಅಳೋ ಜಾಗ."

ಅಕ್ಕ ಅವಳಿಗೆ ಒಣ ನೈಟಿ ತೊಡಿಸಿ, ದಿಂಬು ಎತ್ತರಿಸಿ, ಕುರ್ಚಿ ಎಳೆದುಕೊಂಡಳು. ಅಕ್ಕ ಬರೆದ ಪ್ರೇಮಕಾದಂಬರಿಗಳಲ್ಲೆಲ್ಲ ಇದೇ ಹೆಚ್ಚು ಮಾರಾಟವಾದದ್ದು. ನಾಯಕಿಗೆ ಎದೆಯಲ್ಲಿ ಗಂಟು. ಪ್ರೀತಿಸಿದವನ ಹೊಸ ಕೆಲಸಕ್ಕೆ ಕಲ್ಲು ಬೀಳಬಾರದೆಂದು ಯಾರಿಗೂ ಹೇಳದೆ, ಅವನನ್ನು ನಗುತ್ತಲೇ ರೈಲು ಹತ್ತಿಸುತ್ತಾಳೆ. ಆ ಪುಟ ಓದಿ ಅತ್ತವರಿಗೆ ಲೆಕ್ಕವಿಲ್ಲ.

ಆಮೇಲೆ ಅದೇ ಕೈ ಹೆಂಗಸರಿಗಾಗಿ ಆರೋಗ್ಯದ ಪುಸ್ತಕಗಳನ್ನೂ ಬರೆಯಿತು. ಗಂಟು ಕಂಡರೆ ಮುಚ್ಚಿಡಬೇಡಿ, ತಡಮಾಡದೆ ಡಾಕ್ಟರಿಗೆ ತೋರಿಸಿ ಎಂದು ಚಿತ್ರ ಸಮೇತ. ಮೊದಲ ಪ್ರತಿ ತಂಗಿಗೇ ಕೊಟ್ಟಿದ್ದಳು. "ನಿನ್ನ ಕಾಯಿಲೆ ಪುಸ್ತಕ ಓದಿದ್ರೆ ಇಲ್ಲದ್ದೂ ಬರುತ್ತೆ," ಎಂದು ನಕ್ಕ ತಂಗಿ ಅದನ್ನು ಅಲ್ಲಾಡುವ ಟಿವಿ ಸ್ಟ್ಯಾಂಡಿನ ಕಾಲಿಗೆ ಆಸರೆ ಇಟ್ಟಿದ್ದಳು. ಅದು ಈಗಲೂ ಅಲ್ಲೇ ಇತ್ತು. ಕಾದಂಬರಿ ಮಾತ್ರ ರಟ್ಟು ಕಿತ್ತುಬಂದು ದಿಂಬಿನ ಪಕ್ಕದಲ್ಲಿತ್ತು.

ಓದುತ್ತ ಓದುತ್ತ ಅಕ್ಕನ ದನಿ ನಿಧಾನವಾಯಿತು. ಪುಟದಲ್ಲಿ ಇಲ್ಲದ ಸಾಲು ಬಾಯಿಗೆ ಬಂತು. "ರೈಲು ಹೊರಡುವ ಮೊದಲು ಅವಳು ಅವನ ಕೈ ಹಿಡಿದು, ನನಗೊಂದು ಗಂಟಾಗಿದೆ, ಹೆದರಿಕೆಯಾಗುತ್ತಿದೆ ಎಂದಳು..."

"ಏಯ್!" ತಂಗಿ ಕಣ್ಣು ತೆರೆದಳು. "ಅಲ್ಲಿ ಹಾಗಿಲ್ಲ. ಅವಳು ಹೇಳೋದೇ ಇಲ್ಲ. ಚಳಿ ಇದೆ, ಶಾಲು ಹೊದ್ದುಕೋ ಅಂತಾಳೆ, ಅಷ್ಟೇ. ನನ್ನ ಹತ್ರನೇ ಆಟನಾ? ಬಾಯಿಪಾಠ ಬರುತ್ತೆ ನಂಗೆ."

"ಹೇಳಿದ್ರೆ ಏನಾಗ್ತಿತ್ತು?"

"ನಿನ್ನ ಇನ್ನೊಂದು ಪುಸ್ತಕ ಆಗ್ತಿತ್ತು. ಯಾರು ಓದ್ತಾರೆ ಅದನ್ನ!" ನಗಲು ಹೋಗಿ ಕೆಮ್ಮು ಬಂತು. ಅಕ್ಕ ತಲೆ ಎತ್ತಿ ಹಿಡಿದು ನೀರು ಕುಡಿಸಿದಳು.

ಉಸಿರು ನೆಲೆಗೆ ಬಂದ ಮೇಲೆ ತಂಗಿ ಫ್ಯಾನು ನೋಡುತ್ತ ಮೆಲ್ಲಗೆ ಹೇಳಿದಳು. "ಸ್ನಾನ ಮಾಡುವಾಗ ಗಂಟು ಕೈಗೆ ಸಿಕ್ತು. ಮಗಳ ಮದುವೆ ಗೊತ್ತಾಗಿತ್ತಲ್ಲ, ಅದು ಮುಗೀಲಿ ಅಂದ್ಕೊಂಡೆ. ಆಮೇಲೆ ಅವಳ ಹೆರಿಗೆ. ಮನೆ ತುಂಬ ಎಲ್ಲರೂ ನಗ್ತಿದ್ರು. ನಾನೂ ನಗ್ತಿದ್ದೆ, ನಿನ್ನ ನಾಯಕಿ ಥರಾನೇ. ನಿಜ ಹೇಳ್ಲಾ? ಚೆನ್ನಾಗಿತ್ತು ಅಕ್ಕಾ. ನಾನೂ ಏನೋ ದೊಡ್ಡದು ಮಾಡ್ತಿದ್ದೀನಿ ಅನ್ನಿಸ್ತಿತ್ತು."

ಅಕ್ಕ ಲೋಟವನ್ನು ಎಲ್ಲಿಡಬೇಕೆಂದು ತೋಚದೆ ಮಡಿಲಲ್ಲೇ ಹಿಡಿದುಕೊಂಡಳು.

"ಬೈಬೇಡ."

"ಬೈಯಲ್ಲ."

"ಹಾಗಾದ್ರೆ ಸರಿಯಾಗಿ ಓದು."

ಓದಿದಳು, ಅಚ್ಚಾದ ಹಾಗೆಯೇ. ಶಾಲಿನ ಮಾತು ಬಂದಾಗ ತಂಗಿಯ ತುಟಿಯೂ ಜೊತೆಗೆ ಅಲುಗಿತು. ಕಣ್ಣೀರು ಕಿವಿಯ ಕಡೆಗೆ ಇಳಿಯಿತು. ಅಧ್ಯಾಯ ಮುಗಿಯುವಷ್ಟರಲ್ಲಿ ನಿದ್ದೆ ಹತ್ತಿತ್ತು.

ಬಕೆಟ್ಟಿನ ನೀರು ಚೆಲ್ಲಲು ಬಚ್ಚಲಿಗೆ ಹೋದಾಗ ಪ್ರಕಾಶಕರ ಫೋನು ಬಂತು.

"ಮೇಡಂ, ಆ ರೈಲಿನ ಕಾದಂಬರಿಯ ಹೊಸ ಮುದ್ರಣಕ್ಕೆ ತಿದ್ದೋದು ಏನಿಲ್ಲ ತಾನೇ? ಜನ ಅದನ್ನ ಇದ್ದ ಹಾಗೇ ಕೇಳ್ತಾರೆ."

"ಈಗ ಬೇಡ. ಸ್ವಲ್ಪ ದಿನ ತಡೀರಿ."

"ಯಾವಾಗ ಶುರು ಮಾಡೋಣ?"

ಒಳಗಿನಿಂದ ತಂಗಿಯ ಸಣ್ಣ ಗೊರಕೆ ಕೇಳುತ್ತಿತ್ತು. "ನಾನೇ ಹೇಳ್ತೀನಿ," ಎಂದು ಫೋನಿಟ್ಟಳು.

ಕೇಳಿಸಿಕೊಳ್ಳಲು ತಂಗಿ ಇರುವವರೆಗೆ ಆ ಪುಟ ಹಾಗೇ ಇರಲಿ. ಅವಳಿಂದ ಅದನ್ನೂ ಕಿತ್ತುಕೊಳ್ಳುವುದು ಬೇಡ. ಆಮೇಲೆ ಅಚ್ಚಾಗುವ ಪುಸ್ತಕದಲ್ಲಿ ನಾಯಕಿ ರೈಲು ಹೊರಡುವ ಮೊದಲು ಬಾಯಿ ಬಿಡುತ್ತಾಳೆ. ಯಾರೂ ಅಳದಿದ್ದರೂ, ಯಾರೂ ಕೊಳ್ಳದಿದ್ದರೂ.

"ಯಾರದಕ್ಕಾ ಫೋನು?" ತಂಗಿಯ ಗಂಡ ಬಾಗಿಲಲ್ಲಿ ನಿಂತು ಕೇಳಿದ.

"ಪ್ರೆಸ್ಸಿನವರು. ಸುಮ್ನೆ ಮಾಡಿದ್ರು," ಎಂದು ಅವಳು ಬಟ್ಟೆಯನ್ನು ಮತ್ತೊಮ್ಮೆ ಹಿಂಡಿ ಕೊಡವಿ ಒಣಹಾಕಿದಳು.