ಎಳೆದು ನೋಡು

"ಅಮ್ಮಾ, ಏನು ಮಾಡ್ತಿದ್ದೀಯ!" ಎಂದು ಮಗ ಕೂಗುವಷ್ಟರಲ್ಲಿ ಅವಳು ಹೊಸ ಶರ್ಟಿನ ಭುಜವನ್ನು ಎರಡೂ ಕೈಯಲ್ಲಿ ಹಿಡಿದು ಜಗ್ಗಿಯೇಬಿಟ್ಟಿದ್ದಳು. ಪರ್ರನೆ ಹರಿಯಿತು.

"ನೋಡಿದ್ಯಾ? ರೆಡಿಮೇಡ್! ಜೀವಮಾನವೆಲ್ಲ ಟೈಲರಾಗಿದ್ದೋರಿಗೆ ಕೊನೇ ದಿನ ಇದನ್ನ ಹಾಕಿ ಕಳಿಸ್ತೀಯಾ?"

"ಅಪ್ಪನ ಶರ್ಟೆಲ್ಲ ಹಳೇದಮ್ಮ. ಗಾಡಿ ಬಂದು ನಿಂತಿದೆ. ಈಗ ಹೊಲಿಗೆ ಯಾರು ನೋಡ್ತಾರೆ?"

"ಅವರು ನೋಡ್ತಿದ್ರು."

ಅಂಗಡಿಯ ಹಿಂದಿನ ಕೋಣೆಯಲ್ಲಿ ಟೈಲರ್ ತಣ್ಣಗೆ ಮಲಗಿದ್ದ. ಹೊರಗೆ ಯಾರೋ ಪಿಸುಗುಟ್ಟಿದರು: "ವಿಡಿಯೊದಲ್ಲಿದ್ದ ಹರಿಯೋ ಟೈಲರ್ ಅಂದ್ರೆ ಇವರೇನಾ?"

"ಮೆಲ್ಲಗೆ ಮಾತಾಡಪ್ಪ," ಎಂದ ಪಕ್ಕದ ಬೀಗದ ಅಂಗಡಿಯವನು. "ಹೆಣದ ಮುಂದೆಯೂ ಅದೇ ಹೆಸರಾ?"

ಒಳಗಿದ್ದ ಅವಳ ಕಿವಿಗೂ ಅದು ಬಿತ್ತು. ಗಂಡ ಹೋಗುವುದೇನೋ ಹೋದ, ಆದರೆ ಈ ಹೆಸರು ಹೊತ್ತುಕೊಂಡು ಹೋಗಕೂಡದು.

* * *

ಹೊಲಿದ ಬಟ್ಟೆಯನ್ನು ಗಿರಾಕಿಯ ಎದುರೇ ಜಗ್ಗಿ ತೋರಿಸುವುದು ಅವನ ಚಾಳಿ. ಒಂದೇ ಒಂದು ಎಳೆ ಬಿಟ್ಟರೂ ಇಡೀ ತೋಳು ಕಿತ್ತು ಮತ್ತೆ ಹೊಲಿಯಲೇಬೇಕು. ಅವತ್ತು ಇಂಟರ್‌ವ್ಯೂಗೆ ಹೊರಟ ಹುಡುಗಿಯ ಕೋಟಿನ ಭುಜ ಜಗ್ಗಿದಾಗ ಒಂದು ಎಳೆ ಟಪ್ ಎಂದಿತು. ಈ ಮಹಾಶಯ ತುಟಿ ಪಿಟಕ್ಕೆನ್ನದೆ ತೋಳನ್ನೇ ಕಿತ್ತುಹಾಕಿದ. ಹುಡುಗಿ ಕಿರುಚಿಕೊಂಡಳು. ಎದುರಿನ ಮೊಬೈಲ್ ಅಂಗಡಿಯವನು ಅಷ್ಟನ್ನೇ ವಿಡಿಯೊ ಮಾಡಿ ಹರಿಯಬಿಟ್ಟ. ಆಮೇಲೆ ಟೈಲರ್ ಕೂತು ಹೊಲಿದುಕೊಟ್ಟದ್ದು, ಹುಡುಗಿ ಅದನ್ನೇ ತೊಟ್ಟು ನಗುತ್ತ ಹೋದದ್ದು ಯಾರಿಗೆ ಬೇಕಿತ್ತು? ಸಂಜೆಯೊಳಗೆ ಕಂಡುಕೇಳದವರೆಲ್ಲ ಫೋನ್ ಮಾಡಿ ಬಾಯಿಗೆ ಬಂದಂತೆ ಬೈದರು. ಗಿರಾಕಿಗಳು ಅಂಗಡಿ ಕಡೆ ತಲೆ ಹಾಕಿಯೂ ಮಲಗಲಿಲ್ಲ.

"ನೀವೂ ಒಂದು ವಿಡಿಯೊ ಮಾಡಿ. ನಡೆದದ್ದು ಹೇಳಿ," ಎಂದು ಅವಳು ಗೋಗರೆದಳು.

"ಹೊಲಿಗೆ ಹೇಳುತ್ತೆ ಬಿಡೇ."

"ಹೊಲಿಗೆಗೆ ಬಾಯಿ ಇದೆಯಾ? ಇದ್ದ ಬಾಯಿಗೆ ನೀವು ಹೊಲಿಗೆ ಹಾಕ್ಕೊಂಡಿದ್ದೀರಿ!"

ಅವನು ನಕ್ಕು, ಕೆಲಸವಿಲ್ಲದ ಮಿಷನ್ನಿಗೆ ಎಣ್ಣೆ ಬಿಟ್ಟ. ದಿನಾ ಹಾಗೇ ಎಣ್ಣೆ ಬಿಡುತ್ತಿದ್ದವನು ಇವತ್ತು ಬೆಳಿಗ್ಗೆ ಅದರ ಮುಂದೆ ಕೂತಲ್ಲೇ ಹೋಗಿಬಿಟ್ಟಿದ್ದ.

* * *

ಮಿಷನ್ನಿನ ಸದ್ದು ಕೇಳಿ ಜನ ಬಾಗಿಲಿಗೆ ಮುಗಿಬಿದ್ದರು. ಅವಳು ಆ ರೆಡಿಮೇಡ್ ಶರ್ಟಿನ ತೋಳನ್ನು ಪೂರ್ತಿ ಕಿತ್ತು, ಕಣ್ಣೊರೆಸಿಕೊಳ್ಳುತ್ತ ಹೊಲಿಯುತ್ತಿದ್ದಳು. ಗಾಡಿಯವನು ಹಾರ್ನ್ ಹೊಡೆದ. ಹೊಡೆದುಕೊಳ್ಳಲಿ!

ಅಷ್ಟರಲ್ಲಿ ಮೊಬೈಲ್ ಅಂಗಡಿಯವನು ಬಂದು ನಿಂತ, ಕೈಯಲ್ಲಿ ಫೋನು. ಮಗ ಅವನ ಕೊರಳಪಟ್ಟಿಗೆ ಕೈಹಾಕಿದ. "ಇನ್ನೂ ಏನು ತೆಗೆಯೋಕೆ ಬಂದ್ಯೋ?"

"ತೆಗೆಯೋಕಲ್ಲ... ಒಂದ್ಸಲ ಮುಖ ನೋಡ್ಕೊಂಡು ಹೋಗೋಣ ಅಂತ."

"ಬಿಡೋ ಅವನನ್ನ," ಎಂದು ಅವಳು ಹಲ್ಲಿನಿಂದ ದಾರ ಕಡಿದಳು. "ಅವತ್ತು ಅರ್ಧಕ್ಕೆ ನಿಲ್ಲಿಸಿದ್ಯಲ್ಲಪ್ಪ, ಇನ್ನರ್ಧ ಇದು. ಬಾ, ಹಿಡ್ಕೋ."

"ಬೇಡ ಅಕ್ಕಾ..."

"ಎರಡೂ ಕೈ ಹಾಕು."

ಅವನು ಫೋನನ್ನು ಕತ್ತರಿಯ ಪಕ್ಕ ಬೋರಲಾಗಿಟ್ಟು ಶರ್ಟಿನ ತೋಳು ಹಿಡಿದ.

"ಎಳಿ. ಅವರು ಎಳೀತಿದ್ದಷ್ಟು ಜೋರಾಗಿ ಎಳಿ."

ಅವಳು ಕಾಲೂರಿ ನಿಂತಳು. ಅವನು ಅಳುತ್ತಲೇ ಎಳೆದ. ಇಬ್ಬರ ನಡುವೆ ಬಿಳಿ ಶರ್ಟು ಬಿಗಿದು ನಿಂತಿತು. ಭುಜದಲ್ಲಿ ಒಂದು ಎಳೆಯೂ ಮಿಸುಕಲಿಲ್ಲ.